ಬತ್ತಿ ಹಚ್ಚಾಂವ ಎಲ್ಲಿ ಓಡಿದ?

ಮೊನ್ನೆ ಜೈನಾಪುರಕ್ಕೆ ಹೋದಾಗ ನಮ್ಮ ಹೊಲದ ಹಳೇ ಬಾವಿಯ ದಂಡೆಯ ಮೇಲೆ ಸುಮ್ಮನೆ ಒಂದು ತಾಸು ಕೂತಿದ್ದೆ. ಈಗ ಆ ಬಾವಿಯಿಂದ ಯಾರೂ ನೀರು ಎತ್ತುವುದಿಲ್ಲ. ಬೋರ್‌ವೆಲ್ ಬಂದ ಮೇಲೆ ಅದನ್ನು ಕೇಳುವವರಿಲ್ಲ. ಒಳಗೆ ಪಾರಿವಾಳಗಳು ಗೂಡು ಕಟ್ಟಿವೆ, ಕಲ್ಲಿನ ಸಂದಿಯಲ್ಲಿ ಜಾಲಿ ಬೆಳೆದಿದೆ. ಆದರೆ ಬಿಸಿಲು ನೆತ್ತಿಗೆ ಬಂದಾಗ ನೋಡಿದರೆ ಕರಿಗಲ್ಲಿನ ಗೋಡೆಯಲ್ಲಿ ಅರ್ಧ ಸೀಳಿದ ಕೊಳವೆಯಂಥ ಗುರುತುಗಳು ಕಾಣುತ್ತವೆ. ಕಲ್ಲು ಒಡೆಯಲು ಮದ್ದು ತುಂಬಿದ್ದ ತೂತುಗಳು ಅವು. ಅವುಗಳಲ್ಲಿ ಯಾವುದೋ ಒಂದು ನನ್ನ ಮುತ್ಯಾನ ಬಲಗೈಯ ಎರಡು ಬೆರಳು ಮತ್ತು ಒಂದು ಕಿವಿಯನ್ನು ತಿಂದಿದೆ.

ಅದು 1972ರ ಬರಗಾಲ. ನಮ್ಮ ಕಡೆಯ ಹಿರಿಯರು ಇವತ್ತಿಗೂ ವರ್ಷಗಳನ್ನು ಆ ಬರದಿಂದಲೇ ಎಣಿಸುತ್ತಾರೆ. ಬಾವಿ ಬತ್ತಿತು, ಇನ್ನಷ್ಟು ಆಳಕ್ಕೆ ಇಳಿಸಬೇಕಾಯಿತು. ಮೇಲೆ ಮಣ್ಣು, ಅದರ ಕೆಳಗೆ ಗರಸು, ಅದರ ಕೆಳಗೆ ಹಾರೆಗೆ ಜಗ್ಗದ ಕರಿಗಲ್ಲು. ಕಲ್ಲಿಗೆ ತೂತು ಹೊಡೆದು, ಮದ್ದು ತುಂಬಿ, ಬತ್ತಿ ಇಟ್ಟು, ಮೇಲೆ ಮಣ್ಣು ಜಡಿದು ಹಾರಿಸಬೇಕು. ಇದಕ್ಕೆ ನಮ್ಮಲ್ಲಿ 'ಸುರಂಗ ಹಾರಿಸೋದು' ಅನ್ನುತ್ತಾರೆ. ಆವತ್ತು ಐದು ಬತ್ತಿ ಹಚ್ಚಿದ್ದರು. ಸದ್ದು ಕೇಳಿದ್ದು ನಾಲ್ಕು. ಮುತ್ಯಾ ಐದೂ ಹಾರಿದವು ಅಂದುಕೊಂಡು ಕೆಳಗಿಳಿದ. ಐದನೆಯದು ಅವನಿಗಾಗಿ ಕಾದಿತ್ತು.

ಇಷ್ಟು ನಮ್ಮ ಮನೆಯಲ್ಲಿ ಎಲ್ಲರಿಗೂ ಗೊತ್ತಿದ್ದ ಕಥೆ. ಇನ್ನೊಂದು ಮಾತು ಕೊನೆಗೆ ಹೇಳುತ್ತೇನೆ.

1989ರ ಬೇಸಿಗೆಯಲ್ಲಿ ಮುತ್ಯಾ, ಅಪ್ಪ, ನಾನು ವಿಜಾಪುರಕ್ಕೆ ಹೋಗಿದ್ದೆವು. (2014ರಿಂದ ಅದು ವಿಜಯಪುರ, ಆದರೆ ನನ್ನ ನಾಲಿಗೆ ಇನ್ನೂ ತಿರುಗಿಲ್ಲ.) ಕಿವಿ ಡಾಕ್ಟರರನ್ನು ನೋಡಿ ಬಂದ ಮೇಲೆ ಬಸ್ಸಿಗೆ ಇನ್ನೂ ಹೊತ್ತಿತ್ತು. ನಾನು ಹಟ ಹಿಡಿದೆ: ತೋಪು ನೋಡಬೇಕು. ಪಶ್ಚಿಮದ ಕೋಟೆಗೋಡೆಯ ಶೇರ್ಜಾ ಬುರುಜಿನ ಮೇಲೆ ಮಲಗಿರುವ ಮಲಿಕ್-ಎ-ಮೈದಾನ್. ಅಪ್ಪ ಮೇಲೆ ಹತ್ತಲಿಲ್ಲ. ಕೆಳಗೆ ಬೇವಿನ ನೆರಳಿನಲ್ಲಿ ನಿಂತು, "ನೀವು ನೋಡಿ ಬರ್ರಿ" ಅಂದ.

ನೀವು ನೋಡಿರದಿದ್ದರೆ ಒಮ್ಮೆ ಹೋಗಿ ನೋಡಿ. ಹದಿನಾಲ್ಕು ಅಡಿಗೂ ಮಿಕ್ಕಿದ ಉದ್ದ, ಐದಡಿಗೆ ಹತ್ತಿರದ ದಪ್ಪ, ಎರಡಡಿಗೂ ಅಗಲವಾದ ಬಾಯಿ, ಸುಮಾರು 55 ಟನ್ ತೂಕ. ಬಾಯಿಗೆ ಸಿಂಹದಂಥ ಮೃಗದ ಮುಖ, ಅದರ ಹಲ್ಲುಗಳ ನಡುವೆ ಸಿಕ್ಕಿದ ಆನೆ. ಕಂಚಿನಲ್ಲಿ ನೂರಕ್ಕೆ ಸುಮಾರು ಎಂಬತ್ತು ಪಾಲು ತಾಮ್ರ, ಇಪ್ಪತ್ತು ಪಾಲು ತವರ. ಗಂಟೆ ಎರಕ ಹೊಯ್ಯುವುದೂ ಹೆಚ್ಚುಕಡಿಮೆ ಇದೇ ಲೆಕ್ಕದಲ್ಲಿ. ಅದಕ್ಕೇ ಬೆರಳಿನಿಂದ ತಟ್ಟಿದರೆ ತೋಪು ಗಂಟೆಯ ಹಾಗೆ ಗುಂಯ್ ಅನ್ನುತ್ತದೆ. ಗೈಡ್ ತಟ್ಟಿ ತೋರಿಸಿದ. ನಾನು ಕುಣಿದೆ. ಮುತ್ಯಾ ಕೇಳುವ ಕಿವಿಯನ್ನು ಲೋಹಕ್ಕೆ ಹಚ್ಚಿ ನಿಂತ.

"ಇದರ ಆವಾಜಿಗೆ ಹೊಡೆಯಾಂವನ ಕಿವಿ ಒಡೀತಿದ್ವು ಅಜ್ಜಾರ. ಅದಕ್ಕ ಬತ್ತಿ ಹಚ್ಚಿದ ಕೂಡಲೆ ನೀರಿನ ಹೊಂಡದಾಗ ಜಿಗೀತಿದ್ದ" ಅಂದ ಗೈಡ್.

ಮುತ್ಯಾ ಬತ್ತಿ ಇಡುವ ತೂತಿನ ಮೇಲೆ ಮೂರು ಬೆರಳಿನ ಕೈ ಇಟ್ಟು ಕೇಳಿದ: "ಜಿಗಿಯೂದಕ್ಕ ಮೊದಲ ಹಾರಿದ್ರ?"

ಗೈಡ್ ನಕ್ಕ. ಅವನ ಹತ್ತಿರ ಅದಕ್ಕೆ ಉತ್ತರ ಇರಲಿಲ್ಲ. ಮೆಟ್ಟಿಲು ಇಳಿಯುವಾಗ ಮುತ್ಯಾ ನನಗೂ ಅದನ್ನೇ ಕೇಳಿದ. "ಎಲ್ಲಾರ ಹೆಸರು ಹೇಳಿದ್ನಲ್ಲೋ ಅಂವ. ಬತ್ತಿ ಹಚ್ಚಾಂವ ಎಲ್ಲಿ ಓಡಿದ?"

ಆಮೇಲೆ ನಾನು ಇದರ ಬಗ್ಗೆ ಸಿಕ್ಕಿದ್ದೆಲ್ಲ ಓದಿದೆ. ಹುಚ್ಚು ಅಂತಲೇ ಅನ್ನಿ. ಮುತ್ಯಾ ಹೇಳಿದ್ದು ನಿಜ, ತೋಪಿನ ಸುತ್ತ ಹೆಸರುಗಳೇ ಹೆಸರುಗಳು. 1549ರಲ್ಲಿ ಅಹಮದನಗರದಲ್ಲಿ ಇದನ್ನು ಎರಕ ಹೊಯ್ದವನು ಮುಹಮ್ಮದ್ ಬಿನ್ ಹಸನ್ ರೂಮಿ. ಹೊಯ್ಯಿಸಿದವನು ಬುರ್ಹಾನ್ ನಿಜಾಮ್ ಶಾಹ. 1632ರಲ್ಲಿ ಪರಂಡಾ ಕೋಟೆಯಿಂದ ವಿಜಾಪುರಕ್ಕೆ ತಂದವನು ಮುರಾರ ಪಂಡಿತ. ಹತ್ತು ಆನೆ, ನಾನೂರು ಎತ್ತು ಎಳೆದವು ಅಂತ ಹೇಳುತ್ತಾರೆ. ಔರಂಗಜೇಬ ವಿಜಾಪುರ ಗೆದ್ದ ಮೇಲೆ ತನ್ನದೂ ಒಂದು ಬರಹ ಅದರ ಮೈಮೇಲೆ ಕೆತ್ತಿಸಿದ.

ಇನ್ನೊಂದು ಮಾತು. ಇಷ್ಟು ದೊಡ್ಡ ತೋಪು ಬುರುಜಿನ ಮೇಲಿದ್ದರೂ ಊರು ಉಳಿಯಲಿಲ್ಲ. ಲಂಡಾ ಕಸಾಬ್ ಇತ್ತು, ಉಪ್ಲಿ ಬುರುಜಿನ ಮೇಲೆ ಮೂವತ್ತು ಅಡಿ ಉದ್ದದ ತೋಪಿತ್ತು. ಉದ್ದುದ್ದ ಕಬ್ಬಿಣದ ಪಟ್ಟಿಗಳನ್ನು ಜೋಡಿಸಿ, ಬಂಡಿಯ ಗಾಲಿಗೆ ಹಳಿ ಹಾಕುವ ಹಾಗೆ ಬಳೆ ತೊಡಿಸಿ ಮಾಡಿದ್ದು ಅದು. 1685ರಲ್ಲಿ ಶುರುವಾದ ಮುತ್ತಿಗೆ 1686ರ ಸೆಪ್ಟೆಂಬರಿನಲ್ಲಿ ಮುಗಿಯಿತು. ಅಷ್ಟು ಹೊತ್ತಿಗೆ ಊರೊಳಗೆ ತಿನ್ನಲು ಏನೂ ಉಳಿದಿರಲಿಲ್ಲ. ತೋಪಿಗೆ ಮದ್ದು ಇರಬಹುದು, ಹೊಟ್ಟೆಗೆ ಜೋಳ ಇರಲಿಲ್ಲ.

ಫೆರಿಷ್ತಾ ಎಂಬ ಇತಿಹಾಸಕಾರ ನಿಮಗೆ ಗೊತ್ತಿರಬಹುದು. ಎರಡನೇ ಇಬ್ರಾಹಿಂ ಆದಿಲ್ ಶಾಹನ ಆಶ್ರಯದಲ್ಲಿ ನಮ್ಮ ವಿಜಾಪುರದಲ್ಲೇ ಕೂತು ಬರೆದವನು. 1565ರ ಜನವರಿಯಲ್ಲಿ ರಾಮರಾಯ ಬಿದ್ದ ಯುದ್ಧದಲ್ಲಿ, ನಾವು ರಕ್ಕಸತಂಗಡಿ ಅನ್ನುವ ಆ ಯುದ್ಧದಲ್ಲಿ, ನಿಜಾಮ್ ಶಾಹನ ತೋಪುಗಳಿಗೆ ತಾಮ್ರದ ದುಡ್ಡಿನ ಚೀಲಗಳನ್ನು ತುಂಬಿ ಹತ್ತಿರದಿಂದ ಹಾರಿಸಿದರು ಅಂತ ಅವನು ಬರೆಯುತ್ತಾನೆ. ಮೊದಲ ಸಲ ಓದಿದಾಗ ಮೈ ಜುಂ ಅಂದಿತ್ತು. ದುಡ್ಡಿಗಾಗಿ ಸಾಯುವುದು ಗೊತ್ತು, ದುಡ್ಡು ಹೊಡೆದೇ ಸಾಯುವುದು!

ಅದಕ್ಕೂ ಮೊದಲು 1520ರ ರಾಯಚೂರು. ಮೇ ತಿಂಗಳ ಬಿಸಿಲಿನಲ್ಲಿ ಕೃಷ್ಣದೇವರಾಯ ಇಸ್ಮಾಯಿಲ್ ಆದಿಲ್ ಶಾಹನನ್ನು ಬಯಲಿನಲ್ಲಿ ಸೋಲಿಸಿದ. ಶತ್ರುವಿನ ನಾನೂರು ದೊಡ್ಡ ತೋಪು ಸಿಕ್ಕವು ಅಂತ ಪೋರ್ಚುಗೀಸಿನ ನೂನಿಜ್ ಬರೆದಿದ್ದಾನೆ. ತೋಪು ಹೆಚ್ಚಿದ್ದವನೇ ಸೋತ. ನನ್ನ ಮನಸ್ಸಿನಲ್ಲಿ ಉಳಿದಿರುವುದು ಮಾತ್ರ ಕೋಟೆಗೋಡೆಯ ಕಥೆ. ರಾಯನ ಕಡೆಯ ಆಳುಗಳು ಗುಂಡಿನ ಮಳೆಯ ಕೆಳಗೇ ಹಾರೆ, ಗುದ್ದಲಿ ಹಿಡಿದು ಗೋಡೆಯ ಕಲ್ಲು ಕೀಳುತ್ತಿದ್ದರು. ಕಿತ್ತ ಕಲ್ಲಿನ ಗಾತ್ರ ನೋಡಿ ಕೂಲಿ. ಆಮೇಲೆ ಕ್ರಿಸ್ಟೋವಾವೊ ಡಿ ಫಿಗೆರೆದೊ ಎಂಬ ಪೋರ್ಚುಗೀಸನ ಬಂದೂಕಿನವರು ಬಂದು, ಗೋಡೆಯ ಮೇಲೆ ತಲೆ ಎತ್ತಿದವರನ್ನು ಒಬ್ಬೊಬ್ಬರನ್ನಾಗಿ ಹೊಡೆದರು. ಫಿಗೆರೆದೊನ ಹೆಸರು ಉಳಿದಿದೆ. ಕಲ್ಲು ಕಿತ್ತವರದು ಕೂಲಿಯ ಲೆಕ್ಕ ಮಾತ್ರ.

ಇನ್ನು ನೀರಿನ ಹೊಂಡದ ಕಥೆ. ತೋಪಿನ ಹತ್ತಿರ ನೀರು ಇರಲೇಬೇಕಿತ್ತು, ಜಿಗಿಯುವುದಕ್ಕೋ ಬಿಡುವುದಕ್ಕೋ ಬೇರೆ ಮಾತು. ಒಂದು ಸಲ ಹಾರಿಸಿದ ಮೇಲೆ ಒಳಗೆ ಕೆಂಡ ಉಳಿದಿರುತ್ತದೆ. ಒದ್ದೆ ಬಟ್ಟೆ ಸುತ್ತಿದ ಕೋಲಿನಿಂದ ಅದನ್ನು ಒರೆಸದೆ ಮತ್ತೆ ಮದ್ದು ತುಂಬಿದರೆ ತುಂಬುವವನೇ ಹೋಗುತ್ತಾನೆ. ಯಾಕೆಂದರೆ ಮದ್ದಿಗೆ ಉರಿಯಲು ಹೊರಗಿನ ಗಾಳಿ ಬೇಡ. ಪೆಟ್ಲುಪ್ಪು ಮುಕ್ಕಾಲು ಪಾಲು, ಉಳಿದದ್ದು ಇದ್ದಿಲು ಮತ್ತು ಗಂಧಕ. ಪೆಟ್ಲುಪ್ಪೇ ಉಸಿರು ಕೊಡುತ್ತದೆ. ಅದಕ್ಕೇ ಮಣ್ಣು ಜಡಿದು ಮುಚ್ಚಿದರೂ ಅದು ಆರುವುದಿಲ್ಲ. ಬತ್ತಿಗೆ ತುಸು ತೇವ ತಾಗಿದ್ದರೆ ಕಿಡಿ ಒಳಗೊಳಗೇ ನಿಧಾನಕ್ಕೆ ತೆವಳುತ್ತದೆ. ಮೇಲೆ ನಿಂತವರಿಗೆ ಏನೂ ಕಾಣುವುದಿಲ್ಲ. ನಮ್ಮ ಬಾವಿಯಲ್ಲಿ ಆದದ್ದು ಇದೇ. 1460ರಲ್ಲಿ ಸ್ಕಾಟ್ಲೆಂಡಿನ ದೊರೆ ಎರಡನೇ ಜೇಮ್ಸ್ ರಾಕ್ಸ್‌ಬರ್ಗ್ ಮುತ್ತಿಗೆಯಲ್ಲಿ ತನ್ನದೇ ತೋಪು ಸಿಡಿದು ಸತ್ತ. ದೊರೆ ಸತ್ತದ್ದಕ್ಕೆ ಪುಸ್ತಕದಲ್ಲಿ ಬಂತು.

ಅಂದ ಹಾಗೆ, 'ಮದ್ದು' ಅನ್ನುವ ಪದ ಎಷ್ಟು ವಿಚಿತ್ರ ನೋಡಿ. ಔಷಧಿಯೂ ಮದ್ದು, ಇದೂ ಮದ್ದು. ಕನ್ನಡದ ತಮಾಷೆ ಅಂತ ಬಹಳ ದಿನ ಅಂದುಕೊಂಡಿದ್ದೆ. ಆದರೆ ಇದನ್ನು ಮೊದಲು ಕಂಡುಕೊಂಡ ಚೀನಿಯರೂ ಕರೆಯುವುದು 'ಹುವೊಯಾವೊ' ಅಂತ. ಅಂದರೆ ಬೆಂಕಿಯ ಮದ್ದು! ಒಂಬತ್ತನೇ ಶತಮಾನದ ಹೊತ್ತಿಗೆ ಅಲ್ಲಿನ ರಸವಾದಿಗಳು ಸಾವನ್ನು ಗೆಲ್ಲುವ ಔಷಧಿ ಹುಡುಕುತ್ತಾ ಈ ಪುಡಿಗಳನ್ನೆಲ್ಲ ಬೆರೆಸಿ ನೋಡುತ್ತಿದ್ದರು. 1044ರ ಹೊತ್ತಿಗೆ ಅದು ಯುದ್ಧದ ಗ್ರಂಥದಲ್ಲಿ ಅಳತೆ ಸಮೇತ ಬಂದಾಗಿತ್ತು.

1854ರಲ್ಲಿ ಬ್ರಿಟಿಷರು ಮಲಿಕ್-ಎ-ಮೈದಾನ್ ಅನ್ನು ಹರಾಜಿಗೆ ಇಟ್ಟಿದ್ದರಂತೆ. ಬಂದ ಹೆಚ್ಚಿನ ಸವಾಲು 150 ರೂಪಾಯಿ. ಜನ ಅದಕ್ಕೆ ಪೂಜೆ ಮಾಡುತ್ತಾರೆ ಅಂತ ಅಧಿಕಾರಿಯೊಬ್ಬ ಬರೆದದ್ದರಿಂದ ಮಾರಾಟ ನಿಂತಿತು. ಮುತ್ಯಾ ಇದ್ದಿದ್ದರೆ ಈ ಕಥೆ ಕೇಳಿ ನಗುತ್ತಿದ್ದ.

ಈಗ ಆ ಕೊನೆಯ ಮಾತು. ಮೊನ್ನೆ ಬಾವಿಯ ದಂಡೆಯ ಮೇಲೆ ನನ್ನ ಪಕ್ಕಕ್ಕೆ ಅಪ್ಪನೂ ಬಂದು ಕೂತ. ಅವನಿಗೂ ಈಗ ವಯಸ್ಸಾಗಿದೆ. ತೋಪು ನೋಡಲು ಹೋದಾಗ ಯಾಕೆ ಮೇಲೆ ಹತ್ತಲಿಲ್ಲ ಅಂತ ಕೇಳಿದೆ. ಬಹಳ ಹೊತ್ತು ಸುಮ್ಮನಿದ್ದ.

"ಆವತ್ತ ಬತ್ತಿ ಹಚ್ಚಿದಾಂವ ನಾನs. ಹಚ್ಚಿ ಮ್ಯಾಲ ಓಡಿ ಬಂದೆ. ಸದ್ದು ಎಣಸೂ ಕೆಲಸಾನೂ ನಂದs. ಐದು ಆದ್ವು ಅಂತ ನಾನs ಹೇಳಿದ್ಯಾ."

ಆಗ ಅಪ್ಪನಿಗೆ ಹದಿನಾರು ವರ್ಷ. ಮುತ್ಯಾ ಮಾತ್ರ ಸಾಯುವವರೆಗೂ ಊರವರಿಗೆಲ್ಲ, ಡಾಕ್ಟರರಿಗೂ, ಹೇಳಿದ್ದು ಒಂದೇ: "ನಾನs ಲೆಕ್ಕ ತಪ್ಪಿದೆ."

ಬುರುಜಿನ ಮೆಟ್ಟಿಲ ಮೇಲೆ ಮುತ್ಯಾ ಯಾರ ಬಗ್ಗೆ ಕೇಳಿದ್ದ ಅಂತ ಈಗ ನನಗೆ ಖಚಿತವಿಲ್ಲ. ಅಪ್ಪನಿಗೆ ಆ ಮಾತು ಹೇಳಲೋ ಬೇಡವೋ ಅಂತ ಯೋಚಿಸುತ್ತಾ ಕೂತೆ. ಹೇಳಲಿಲ್ಲ. ಇಬ್ಬರೂ ಎದ್ದು ಮನೆಗೆ ನಡೆದೆವು. ಅವ್ವ ರೊಟ್ಟಿ ಬಡಿಯುತ್ತಿದ್ದ ಸದ್ದು ಹಿತ್ತಲವರೆಗೂ ಕೇಳುತ್ತಿತ್ತು.