ಮಿಡಿಯ ಆಸೆಗೆ

ಎರಡು ವರ್ಷ ನಮ್ಮನೆ ಅಪ್ಪೆಮಿಡಿ ಮರ ಕೈಕೊಟ್ಟಿತ್ತು. ಹೂವೇನೋ ಮರದ ತುಂಬ. ಆದರೆ ಜಿಗಿಹುಳು ಬಿದ್ದು ಎಲೆಯೆಲ್ಲ ಅಂಟಂಟಾಗಿ, ಹೂವು ಕರಕಾಗಿ ಉದುರುತ್ತಿತ್ತು. ನಮ್ಮ ಶಿರಸಿ ಕಡೆ ಭರಣಿಯಲ್ಲಿ ಮಿಡಿ ಉಪ್ಪಿನಕಾಯಿ ಇಲ್ಲವೆಂದರೆ ನೆಂಟರೆದುರು ನಾಚಿಕೆ! ಅದಕ್ಕೇ ಈ ಸಲ ನಾನೇ ಇವರ ಬೆನ್ನು ಹತ್ತಿದೆ: “ಪೇಟೆಯಿಂದ ಔಷಧಿ ತಂದು ಹೊಡೆಸಿಬಿಡಿ, ಅಂದ್ರೆ.”

ಹೊಡೆಸಿದರು. ಬೆಳಗಿನ ಹತ್ತು ಗಂಟೆ, ಮರ ಹೂ ತುಂಬಿ ನಿಂತಿತ್ತು. ಹಿತ್ತಲಿನ ಜೇನುಪೆಟ್ಟಿಗೆ ಯಾರಿಗೂ ನೆನಪಾಗಲಿಲ್ಲ.

ಸಂಜೆ ದೀಪ ಹಚ್ಚುವ ಹೊತ್ತಿಗೆ ಪೆಟ್ಟಿಗೆಯ ಬಾಗಿಲಲ್ಲಿ ತುಡುವೆ ಹುಳುಗಳು ರಾಶಿ ಸತ್ತು ಬಿದ್ದಿದ್ದವು. ಕೆಲವು ಹಾರಲಾರದೆ, ನಡುಗುತ್ತಾ, ನೆಲದಲ್ಲೇ ಗಿರಗಿರ ಸುತ್ತುತ್ತಿದ್ದವು. ಪೊರಕೆ ಹಿಡಿದು ನಿಂತೆ. ಗುಡಿಸಲು ಕೈ ಬರಲಿಲ್ಲ.

ಆ ಪೆಟ್ಟಿಗೆ ನನ್ನ ತವರಿನದು. 1990ರ ದಶಕದ ಮೊದಲಲ್ಲಿ ಥಾಯ್ ಸ್ಯಾಕ್‌ಬ್ರೂಡ್ ಎಂಬ ರೋಗ ದಕ್ಷಿಣ ಭಾರತದ ತುಡುವೆ ಜೇನಿಗೆ ಬಡಿದಾಗ ಅಮ್ಮನ ಪೆಟ್ಟಿಗೆಗಳೂ ಖಾಲಿಯಾಗಿದ್ದವು. ಎಷ್ಟೋ ವರ್ಷದ ಮೇಲೆ ಮರದ ಪೊಟರೆಯಿಂದ ಒಂದು ಕುಟುಂಬ ಹಿಡಿಸಿ ತಂದು ಮತ್ತೆ ಬೆಳೆಸಿದ್ದಳು. ಅದು ರೋಗ, ಕೈಮೀರಿದ್ದು. ಇದಕ್ಕೆ ಏನೆನ್ನಲಿ? ಅಮ್ಮನಿಗೆ ಫೋನು ಮಾಡಲು ಮೂರು ದಿನ ಬೇಕಾಯಿತು.

“ಹೂ ಬಿಟ್ಟ ಮರಕ್ಕೆ ಹೊಡೆಯುತ್ತಾರೇನೇ?” ಎಂದಳು. ಅಷ್ಟೇ. ಬೈದಿದ್ದರೆ ವಾಸಿಯಿತ್ತು.

ಮಗ ಬಾಟಲಿ ಮೇಲಿನ ಹೆಸರು ಓದಿದ: ಇಮಿಡಾಕ್ಲೋಪ್ರಿಡ್. ಗಿಡದ ರಸದಲ್ಲಿ ಸೇರಿ ಮಕರಂದ, ಪರಾಗಕ್ಕೂ ಹೋಗುವಂಥದ್ದು. ಸಾಯದಷ್ಟು ಸೇರಿದರೂ ಹುಳುವಿಗೆ ಗೂಡಿನ ದಾರಿ ತಪ್ಪುತ್ತದಂತೆ. ಯುರೋಪಿನ ಒಕ್ಕೂಟದಲ್ಲಿ ಇದನ್ನು ಬಯಲಿನ ಬೆಳೆಗೆ ಹಾಕಬಾರದೆಂದು 2018ರಲ್ಲೇ ನಿಷೇಧಿಸಿದರು. ನಾವಿನ್ನೂ ‘ಔಷಧಿ’ ಎನ್ನುತ್ತೇವೆ ನೋಡಿ! ವಿಷ ಎಂದಿದ್ದರೆ ಪೆಟ್ಟಿಗೆ ನೆನಪಾಗುತ್ತಿತ್ತೋ ಏನೋ.

ಮಿಡಿ ಬಂತೇ ಎಂದು ಕೇಳುತ್ತೀರಲ್ಲ? ಬಂತು, ಅರ್ಧ ಭರಣಿ. ಆದರೆ ಸಿಹಿಗುಂಬಳದ ಬಳ್ಳಿಯಲ್ಲಿ ಹೆಣ್ಣು ಹೂವಿನ ಬುಡದ ಪುಟ್ಟ ಕಾಯಿಗಳು ಹಳದಿಯಾಗಿ ಉದುರತೊಡಗಿದವು. ಈಗ ಬೆಳಿಗ್ಗೆ ಕಾಫಿಗೂ ಮೊದಲೇ ಗಂಡು ಹೂ ಕಿತ್ತು, ಎಸಳು ಬಿಡಿಸಿ, ನಡುವಿನ ಹಳದಿ ಪುಡಿಯನ್ನು ಹೆಣ್ಣು ಹೂವಿಗೆ ಸವರುತ್ತೇನೆ. ಎಂಟು ಹೂವಿಗೇ ಸೊಂಟ ಹಿಡಿದುಕೊಳ್ಳುತ್ತದೆ. ಜೇನಿಗೆ ಇದು ಒಂದು ಗಳಿಗೆಯ ಕೆಲಸವಾಗಿತ್ತು.

ಉಳಿದ ಹಿಡಿ ಹುಳುಗಳೂ ಪೆಟ್ಟಿಗೆ ಬಿಟ್ಟು ಹೋದವು. ಮಳೆಗಾಲ ಕಳೆದ ಮೇಲೆ ಅಮ್ಮ ತನ್ನದರಲ್ಲಿ ಒಂದು ಪಾಲು ಕೊಡುತ್ತಾಳಂತೆ. ಷರತ್ತು ಹಾಕಿದ್ದಾಳೆ: ಹೂವಿದ್ದಾಗ ಹೊಡೆಸಕೂಡದು, ಬೇರೆ ಸಮಯದಲ್ಲಾದರೂ ಹುಳು ಗೂಡು ಸೇರಿದ ಮೇಲೆ, ಸಂಜೆಯೇ. ಅಕ್ಕಪಕ್ಕದ ತೋಟದವರಿಗೂ ಇದನ್ನು ನಾನೇ ಹೋಗಿ ಹೇಳಿಬರಬೇಕಂತೆ. ಎರಡು ಮನೆ ಆಗಿದೆ, ಇನ್ನು ಮೂರು ಬಾಕಿ.