ಆರು ಲ್ಯಾಪ್ ಮುಂದಿದ್ದ ಕಿತ್ತಳೆ ಕಾರು

2007ರ ಜುಲೈ, ಭಾನುವಾರ. ನ್ಯೂರ್‌ಬರ್ಗ್‌ರಿಂಗ್‌ನಲ್ಲಿ ಫಾರ್ಮುಲಾ ಒನ್. ನಾನು ಚಕ್ಕುಲಿ ಡಬ್ಬ ಇಟ್ಟುಕೊಂಡು ಟಿವಿ ಮುಂದೆ. ಶುರುವಾದ ಕೂಡಲೇ ಧೋ ಅಂತ ಮಳೆ! ಘಟಾನುಘಟಿಗಳೆಲ್ಲ ಜಾರಿ ಹುಲ್ಲಿಗೆ ಹೋಗುತ್ತಿದ್ದರೆ, ಎಲ್ಲರಿಗಿಂತ ಮುಂದೆ ಒಂದು ಕಿತ್ತಳೆ ಬಣ್ಣದ ಕಾರು. ಮಾರ್ಕುಸ್ ವಿಂಕೆಲ್‌ಹಾಕ್ ಅಂತ ಹುಡುಗ, ಅದೇ ಅವನ ಮೊದಲ ರೇಸು. ಹೊರಡುವಾಗ ಎಲ್ಲರಿಗಿಂತ ಹಿಂದಿದ್ದವನು. ಮಳೆ ಬರುತ್ತೆ ಅಂತ ಲೆಕ್ಕ ಹಾಕಿ ಟೀಮಿನವರು ಮೊದಲೇ ಮಳೆ ಟಯರ್ ಹಾಕಿಸಿದ್ದರು. ಆರು ಲ್ಯಾಪ್ ಮುಂದಿದ್ದ. ರೇಸ್ ನಿಲ್ಲಿಸಿ ಮತ್ತೆ ಶುರು ಮಾಡಿದ ಮೇಲೆ ಹಿಂದೆ ಬಿದ್ದ, ಕಾರೂ ಕೆಟ್ಟು ನಿಂತಿತು. ಎಫ್ ಒನ್‌ನಲ್ಲಿ ಅವನಿಗೆ ಮತ್ತೆ ರೇಸ್ ಸಿಗಲೇ ಇಲ್ಲ, ಪಾಪ.

ಆ ಟೀಮು ಸ್ಪೈಕರ್‌ದು. ಹಾಲೆಂಡಿನ ಪುಟ್ಟ ಕಂಪನಿ. ಈ ಹೆಸರಿನ ಹಳೇ ಕಂಪನಿಯವರು 1898ರಲ್ಲಿ ರಾಣಿ ವಿಲ್ಹೆಲ್ಮಿನಾಗೆ ಚಿನ್ನದ ಸಾರೋಟು ಮಾಡಿದವರು. ಅದು 1920ರ ದಶಕದಲ್ಲೇ ಮುಚ್ಚಿತ್ತು. ವಿಕ್ಟರ್ ಮುಲ್ಲರ್ ಅನ್ನೋ ವಕೀಲರು 1999ರಲ್ಲಿ ಹೆಸರಿಗೆ ಮತ್ತೆ ಜೀವ ಕೊಟ್ಟರು. ಔಡಿಯ ವಿ8 ಎಂಜಿನ್, ಕೈಯಲ್ಲೇ ಕಟ್ಟಿದ ಕಾರುಗಳು, ವರ್ಷಕ್ಕೆ ಕೆಲವು ಡಜನ್ ಅಷ್ಟೆ. ಅಷ್ಟಕ್ಕೇ ಸುಮ್ಮನಿರಬಹುದಿತ್ತಲ್ಲ? 2006ರಲ್ಲಿ ಎಫ್ ಒನ್ ಟೀಮ್ ಕೊಂಡರು. ನಷ್ಟ ತಡೆಯದೆ ಒಂದೇ ವರ್ಷಕ್ಕೆ 8.8 ಕೋಟಿ ಯೂರೋಗೆ ಮಾರಿದರು. ಕೊಂಡವರಲ್ಲಿ ಒಬ್ಬರು ಯಾರು ಹೇಳಿ? ನಮ್ಮ ಬೆಂಗಳೂರಿನ ವಿಜಯ್ ಮಲ್ಯ! ಅದೇ ಫೋರ್ಸ್ ಇಂಡಿಯಾ ಆಯ್ತು. (ಮುಂದಿನ ಕಥೆ ನಿಮಗೆ ಗೊತ್ತೇ ಇದೆ, ಬಿಡಿ.)

ಮುಲ್ಲರ್ ಅಲ್ಲಿಗೂ ನಿಲ್ಲಲಿಲ್ಲ. 2010ರಲ್ಲಿ ಜನರಲ್ ಮೋಟಾರ್ಸ್‌ನಿಂದ ಸ್ವೀಡನ್ನಿನ ಸಾಬ್ ಕಂಪನಿಯನ್ನೇ ಕೊಂಡರು. ಸಾವಿರಾರು ಜನ ದುಡಿಯುವ ಕಾರ್ಖಾನೆ. ಇಲಿ ಆನೆಯನ್ನು ದತ್ತು ತಗೊಂಡ ಹಾಗೆ! 2011ರ ಏಪ್ರಿಲ್‌ನಲ್ಲಿ, ಬಾಕಿ ಬಂದಿಲ್ಲ ಅಂತ ಬಿಡಿಭಾಗ ಕೊಡೋರು ಸಾಮಾನು ನಿಲ್ಲಿಸಿದರು. ಲೈನ್ ನಿಂತಿತು. ಚೀನಾದವರು ದುಡ್ಡು ಹಾಕಲು ಬಂದರೆ, ತನ್ನ ತಂತ್ರಜ್ಞಾನ ಅವರ ಕೈ ಸೇರುತ್ತೆ ಅಂತ ಜನರಲ್ ಮೋಟಾರ್ಸ್ ಒಪ್ಪಲಿಲ್ಲ. ಡಿಸೆಂಬರಿನಲ್ಲಿ ಸಾಬ್ ದಿವಾಳಿ.

ಆ 'ಸಾಮಾನು ನಿಲ್ಲಿಸಿದರು' ಅನ್ನೋದನ್ನ ಓದಿದಾಗ ನನಗೆ ಪೀಣ್ಯದ ನಮ್ಮ ಚಿಕ್ಕಪ್ಪನ ಶೆಡ್ಡು ನೆನಪಾಯ್ತು. ನಾಲ್ಕು ಲೇತು, ಆರು ಜನ ಹುಡುಗರು, ಚೆನ್ನಾಗೇ ನಡೀತಿತ್ತು. ದೊಡ್ಡ ಆರ್ಡರ್ ಒಂದು ಬಂತು ಅಂತ ಸಾಲ ಮಾಡಿ ಸಿಎನ್‌ಸಿ ಮಶೀನ್ ತಂದರು. ಆರ್ಡರ್ ಕೊಟ್ಟವರು ಬಿಲ್ ಕೊಡೋಕೆ ಎಂಟು ತಿಂಗಳು ಸತಾಯಿಸಿದರು. ಅಷ್ಟರಲ್ಲಿ ಕಬ್ಬಿಣದ ಅಂಗಡಿಯವರು ಚಿಕ್ಕಪ್ಪನ ಫೋನ್ ಎತ್ತೋದನ್ನೇ ಬಿಟ್ಟಿದ್ದರು. ಸಿಎನ್‌ಸಿ ಬ್ಯಾಂಕಿನವರ ಪಾಲಾಯ್ತು, ಆಮೇಲೆ ಲೇತುಗಳೂ ಹೋದವು. ಕೊನೆಯ ಲೇತನ್ನು ಲಾರಿಗೆ ಹತ್ತಿಸೋವಾಗ ನಾನೂ ಕೈ ಹಾಕಿದ್ದೆ. ಚಿಕ್ಕಪ್ಪ ಅದಕ್ಕೆ ಎಣ್ಣೆ ಒರೆಸುತ್ತಲೇ ಇದ್ದರು.

ಸ್ಪೈಕರ್ ಕೂಡ 2014ರಲ್ಲಿ ದಿವಾಳಿಯಾಯ್ತು. 2015ರಲ್ಲಿ ಕೋರ್ಟು ಅದನ್ನ ರದ್ದು ಮಾಡಿತು. 2021ರಲ್ಲಿ ಮತ್ತೆ ದಿವಾಳಿ. 2022ರಲ್ಲಿ, ಹೂಡಿಕೆದಾರರು ಸಿಕ್ಕಿದ್ದಾರೆ, ಮತ್ತೆ ಕಾರು ಮಾಡ್ತೀವಿ ಅಂತ ಘೋಷಣೆ. ಹಠ ಅಂದ್ರೆ ಇದಪ್ಪಾ...

ಮೊನ್ನೆ ಚಿಕ್ಕಪ್ಪನಿಗೆ ಈ ಕಥೆಯೆಲ್ಲ ಹೇಳಿ, ಸ್ಪೈಕರ್ ಸಿ8 ಕಾರಿನ ಒಳಗಿನ ಫೋಟೋ ತೋರಿಸಿದೆ. ಅದರಲ್ಲಿ ಗೇರಿನ ರಾಡು ಮುಚ್ಚಿಲ್ಲ, ಫಳಫಳ ಹೊಳೀತಾ ಹೊರಗೇ ಕಾಣುತ್ತೆ. ದಿವಾಳಿ, ಕೋರ್ಟು ಯಾವುದರ ಬಗ್ಗೆಯೂ ಅವರು ಮಾತಾಡಲಿಲ್ಲ. ಕನ್ನಡಕ ಹಾಕಿಕೊಂಡು, ಫೋಟೋ ದೊಡ್ಡದು ಮಾಡಿಸಿ ನೋಡಿ, "ಫಿನಿಶಿಂಗ್ ನೋಡೋ ಎಷ್ಟು ಚೆನ್ನಾಗಿ ಕೊಟ್ಟಿದ್ದಾನೆ" ಅಂದರು.