ಹೆಂಚು ಮುರಿದ ರಾತ್ರಿ ಬೆಳ್ಳಿಯ ಬಾಣಂತನ

ಹಲಸಿನ ಕೊಂಬೆ ಮಾಡಿನ ಮೇಲೆ ಬಿದ್ದಾಗ ರಾತ್ರಿ ಒಂಬತ್ತು ದಾಟಿತ್ತು. ಮೊದಲು ಹೆಂಚುಗಳು ಪಟಪಟನೆ ಒಡೆದವು. ಆಮೇಲೆ ಪಕಾಸಿ ಲಟಕ್ಕೆಂದಿತು. ಮರುಕ್ಷಣ ಮನೆಯೊಳಗೇ ಮಳೆ ಸುರಿಯತೊಡಗಿತು.

ಬಿದ್ದದ್ದು ಎಲ್ಲಿ ಎಂದು ಕೇಳಬೇಕಾಗಿರಲಿಲ್ಲ. ಬಚ್ಚಲಿನ ಒತ್ತಿಗಿದ್ದ ಉಗ್ರಾಣ. ಬೆಳ್ಳಿಯ ಕೋಣೆ.

ಲಾಟೀನು ಹಿಡಿದು ಓಡಿದೆವು. ಎಲೆ, ಮಣ್ಣು, ಒಡೆದ ಹೆಂಚು, ಎಲ್ಲದರ ಮೇಲೂ ಕೊಡದಿಂದ ಹೊಯ್ದಂತೆ ನೀರು. ಗೋಣಿ, ಹಳೇ ಸೀರೆ, ಒಣ ಕಾಗದ ಎಲ್ಲ ಮುದ್ದೆ. ಬಾಗಿಲು ಹಾರುಹೊಡೆದಿತ್ತು. ಬೆಳ್ಳಿ ಇರಲಿಲ್ಲ.

"ಅಕ್ಕಾ, ಬೆಳಿಗ್ಗೆ ಎಷ್ಟಿತ್ತು ಜ್ವರ?" ತಮ್ಮ ಕೂಗಿದ.

98.6 ಇತ್ತು. ಗಬ್ಬದ ನಾಯಿಗೆ 101ರ ಆಸುಪಾಸಿನಲ್ಲಿರುವ ಮೈಬಿಸಿ 99ಕ್ಕಿಂತ ಕೆಳಗಿಳಿಯಿತೆಂದರೆ ಸಾಮಾನ್ಯವಾಗಿ 24 ಗಂಟೆಯೊಳಗೆ ಮರಿ ಹಾಕುತ್ತದೆ. ಬೆಳ್ಳಿ ಬೆಳಗಿನಿಂದ ಅನ್ನ ಮೂಸಿರಲಿಲ್ಲ. ಮಧ್ಯಾಹ್ನದಿಂದ ಗೋಣಿ ಕೆರೆಯುವುದು, ಏದುಸಿರು ಬಿಡುವುದು, ನಡುಗುವುದು, ಎದ್ದು ಸುತ್ತುವುದು, ಮತ್ತೆ ಕೆರೆಯುವುದು. ಇನ್ನು ಗಂಟೆಗಳ ಮಾತು ಎಂದು ಕಾದಿದ್ದೆವು. ಈಗ ಅವಳು ಪುಷ್ಯ ಮಳೆಯ ಕತ್ತಲಿನಲ್ಲಿ ಎಲ್ಲೋ ಇದ್ದಳು.

ನಮ್ಮದು ತೀರ್ಥಹಳ್ಳಿಯಿಂದ ಆಗುಂಬೆಗೆ ಹೋಗುವ ಕಡೆಯ ಒಂಟಿಮನೆ. ಆಗುಂಬೆಯಲ್ಲಿ ವರ್ಷಕ್ಕೆ ಸರಾಸರಿ 7,000 ಮಿಲಿಮೀಟರಿಗೂ ಹೆಚ್ಚು ಮಳೆ. ಅದರ ದೊಡ್ಡ ಪಾಲು ಈ ಎರಡು ಮೂರು ತಿಂಗಳಲ್ಲೇ ಸುರಿಯುತ್ತದೆ. ಮಾಲತಿ ಹೊಳೆ ತುಂಬಿದರೆ ನಮ್ಮ ಹಳ್ಳದ ನೀರು ಮುಂದೆ ಸಾಗದೆ ಉಕ್ಕುತ್ತದೆ, ಕಾಲುಸಂಕ ಮುಳುಗುತ್ತದೆ. ಆ ರಾತ್ರಿ ಮುಳುಗಿತ್ತು. ಕರೆಂಟು ಹೋಗಿತ್ತು. ಫೋನಿಗೆ ಸಿಗ್ನಲ್ ಬೇಕಾದರೆ ಮನೆಯ ಹಿಂದಿನ ಗುಡ್ಡ ಹತ್ತಬೇಕು.

ಇಂಥ ಜಾಗದಲ್ಲಿ ಮರಿಗಳನ್ನು ಕೊಲ್ಲುವುದು ಹೆಚ್ಚಾಗಿ ಥಂಡಿ. ಹುಟ್ಟಿದ ನಾಯಿಮರಿಗೆ ನಡುಗಿ ಮೈ ಬಿಸಿ ಮಾಡಿಕೊಳ್ಳಲು ಬರುವುದಿಲ್ಲ. ಮೊದಲ ವಾರ ಅದರ ಮೈಬಿಸಿ 95ರಿಂದ 98 ಡಿಗ್ರಿ ಫ್ಯಾರನ್‌ಹೀಟ್ ಅಷ್ಟೆ, ಅದೂ ಸುತ್ತಲಿನ ಕಾವು ಕೊಟ್ಟರೆ. ಮಲಗುವ ಜಾಗ ಸೆಲ್ಸಿಯಸ್ಸಿನಲ್ಲಿ 30ರಿಂದ 32 ಡಿಗ್ರಿ ಇರಬೇಕು. ಹೊರಗೆ ಆಗ 20ರ ಆಸುಪಾಸು, ಜೊತೆಗೆ ಗೋಡೆಯೂ ಬೆವರುವಷ್ಟು ತೇವ. ಉಗ್ರಾಣವನ್ನು ಆರಿಸಿದ್ದು ಇದಕ್ಕೇ. ಅದರ ಒಂದು ಗೋಡೆಯ ಆಚೆ ಬಚ್ಚಲೊಲೆ. ಮಳೆಗಾಲದಲ್ಲಿ ನಮ್ಮ ಹಂಡೆಯ ಬೆಂಕಿ ಆರುವುದೇ ಇಲ್ಲ. ಆ ಗೋಡೆಗೆ ಅಂಗೈ ಇಟ್ಟರೆ ನಡುರಾತ್ರಿಯಲ್ಲೂ ಬೆಚ್ಚಗೆ. ಹೊಗೆ ಮಾತ್ರ ಈಚೆ ಬಾರದು.

ಅಪ್ಪಯ್ಯ ಅಡಿಕೆ ದಬ್ಬೆ ಸೀಳಿ, ನಯವಾಗಿ ಹೆರೆದು, ನಾಲ್ಕಡಿ ಚೌಕದ ಪೆಟ್ಟಿಗೆ ಕಟ್ಟಿದ್ದರು. ಇಟ್ಟಿಗೆಯ ಮೇಲೆ ಹಲಗೆ ಹಾಸಿ ನೆಲದ ಶೀತ ತಪ್ಪಿಸಿದ್ದರು. ಮೂರು ಬದಿ ಮೊಣಕಾಲೆತ್ತರ, ಒಂದು ಬದಿ ತಗ್ಗು: ತಾಯಿ ದಾಟಬೇಕು, ಮರಿ ದಾಟಬಾರದು. ಒಳಗೆ ಸುತ್ತಲೂ ನೆಲದಿಂದ ನಾಲ್ಕು ಅಂಗುಲ ಮೇಲೆ, ಗೋಡೆಯಿಂದ ನಾಲ್ಕು ಅಂಗುಲ ಈಚೆಗೆ ಒಂದು ಬಿದಿರಿನ ಗಳ. ಆ ಗಳವೇ ಪೆಟ್ಟಿಗೆಯ ಜೀವ. ತಾಯಿ ಗೋಡೆಗೊರಗಿ ಮಲಗಿದಾಗ ಬೆನ್ನ ಹಿಂದೆ ಸಿಕ್ಕಿಬಿದ್ದ ಮರಿ ಅಪ್ಪಚ್ಚಿಯಾಗದೆ ಆ ಸಂದಿಯಲ್ಲಿ ಉಳಿಯುತ್ತದೆ. ಕಟ್ಟಿರುವೆ ಹತ್ತದಿರಲು ಇಟ್ಟಿಗೆಗಳನ್ನು ನೀರಿನ ತಟ್ಟೆಗಳಲ್ಲಿ ನಿಲ್ಲಿಸಿದ್ದೆವು. ಕಣ್ಣು ಬಿಡದ ಮರಿಗೆ ಇರುವೆ ಮುತ್ತುವುದನ್ನು ಒಮ್ಮೆ ಕಂಡವರು ಇದನ್ನು ಮರೆಯಲಾರರು. ಹೆರುವ ದಿನಕ್ಕೆ ಬಹಳ ಮೊದಲೇ ಬೆಳ್ಳಿಯನ್ನು ಅಲ್ಲಿ ಮಲಗಿಸಿ ಅಭ್ಯಾಸ ಮಾಡಿಸಿದ್ದೆವು. ತನ್ನದೆನಿಸಿದ ಜಾಗವಿಲ್ಲದ ನಾಯಿ ಹೆರಿಗೆಯ ಹೊತ್ತಿಗೆ ತಾನೇ ಒಂದು ಹುಡುಕಿಕೊಂಡು ಹೊರಡುತ್ತದೆ. ಬೆಳ್ಳಿ ಒಪ್ಪಿದ್ದ ಜಾಗವನ್ನೇ ಮಳೆ ಕಿತ್ತುಕೊಂಡಿತ್ತು.

ಕಂಬಳಿಕೊಪ್ಪೆ ಹಾಕಿ ಬ್ಯಾಟರಿ ಹಿಡಿದು ಹೊರಬಿದ್ದೆವು. ತಮ್ಮ ಕೊಟ್ಟಿಗೆಗೆ, ನಾನು ದರಗಿನ ಮನೆಗೆ. "ಬೆಳ್ಳೀ!" ಕೂಗು ಬಾಯಿಂದ ಹೊರಡುವುದೇ ತಡ, ಮಳೆ ನುಂಗುತ್ತಿತ್ತು. ದರಗಿನ ಮನೆಯಲ್ಲಿಲ್ಲ. ಸೌದೆರಾಶಿಯ ಸಂದಿಯಲ್ಲಿಲ್ಲ. ಹುಲ್ಲಿನ ಅಟ್ಟದ ಕೆಳಗಿಲ್ಲ. ಕಾಲಿಗೆ ಇಂಬಳ ಹತ್ತಿದ್ದು ತಿಳಿಯುತ್ತಿತ್ತು, ಕೀಳಲು ಪುರಸೊತ್ತಿಲ್ಲ. ತೋಟಕ್ಕೆ ಇಳಿದಿದ್ದರೆ? ಮಂಗ ಓಡಿಸಲು ದಿನವೂ ಇಳಿಯುವ ದಾರಿ ಅದು, ಈಗ ಅಲ್ಲಿ ಮೊಣಕಾಲುದ್ದ ನೀರು.

ಆಗ ಧರೆಯ ಬುಡದಿಂದ ಸಣ್ಣಗೆ ಕುಂಯ್ ಎಂದಿತು. ನಾಯಿಯ ದನಿಯಲ್ಲ. ಮರಿಯದು.

ಧರೆ ಎಂದರೆ ಮನೆಯ ಹಿಂದೆ ಗುಡ್ಡ ಕಡಿದು ನಿಲ್ಲಿಸಿದ ಮಣ್ಣಿನ ಗೋಡೆ. ಮಳೆ ಜೋರಾದರೆ ಕುಸಿಯುವುದು ಮೊದಲು ಅದೇ. ಮರದ ಬೇರಿನ ಕೆಳಗೆ ಬೆಳ್ಳಿ ಹೊಂಡ ತೋಡಿಕೊಂಡಿದ್ದಳು. ಮೇಲಿಂದ ಕೆಮ್ಮಣ್ಣಿನ ನೀರು ಗೆರೆಗೆರೆಯಾಗಿ ಇಳಿಯುತ್ತಿತ್ತು. ಒಳಗೆ ಎರಡು ಕಣ್ಣು ಹೊಳೆದವು, ಹಲ್ಲೂ ಕಂಡವು. ನನ್ನ ಕೈಯಿಂದ ಅನ್ನ ತಿಂದ ನಾಯಿ ನನ್ನ ಮೇಲೇ ಗುರ್ರೆಂದಿತು.

ಎಳೆದರೆ ಕಚ್ಚುತ್ತಾಳೆ. ಬಿಟ್ಟರೆ ಧರೆ ಕುಸಿಯುತ್ತದೆ. ಮಂಡಿಯೂರಿ, ಸುಮ್ಮನೆ ಅವಳ ಹೆಸರು ಹೇಳುತ್ತ, ಕೈಯನ್ನು ನೆಲಕ್ಕೆ ತಾಗಿಸಿಯೇ ಒಳಗೆ ಸರಿಸಿದೆ. ಅವಳು ಮೂಸಿದಳು. ಗುರ್ರೆನ್ನುವುದು ನಿಂತಿತು. ಕೆಸರಿನಲ್ಲಿ ಬಿದ್ದಿದ್ದ ಮರಿ ಬೆರಳಿಗೆ ಸಿಕ್ಕಿತು. ತಣ್ಣಗಿತ್ತು. ಅದನ್ನು ಅವಳ ಮೂಗಿನ ಮುಂದೆ ಹಿಡಿದು ಹಿಂದಕ್ಕೆ ಸರಿದೆ. ಮರಿ ಕಣ್ಣಿಗೆ ಕಾಣುವಂತಿದ್ದರೆ ತಾಯಿ ಹಿಂದೆ ಬರುತ್ತಾಳೆ. ಬಂದಳು! ಹೊಟ್ಟೆ ನೆಲಕ್ಕೆ ತಾಗಿಸಿಕೊಂಡು, ನಡುವೆ ನಿಂತು ತಿಣುಕಿ, ಮತ್ತೆ ಬಂದಳು. ಅಂಗಳ ದಾಟಿ ಜಗಲಿ ಹತ್ತುವಾಗ ಹಿಂದೆ ಧೊಪ್ಪೆಂದು ಮಣ್ಣು ಬಿದ್ದ ಸದ್ದಾಯಿತು. ತಿರುಗಿ ನೋಡಲಿಲ್ಲ.

"ಇಲ್ಲಿಗೆ ತಾ ಕಣೇ, ಇಲ್ಲಿಗೆ!" ಅಮ್ಮ ಕೂಗಿದ್ದು ಅಡಿಗೆಮನೆಯಿಂದ.

ನಮ್ಮ ಅಡಿಗೆಮನೆಯ ಹೊಸಿಲನ್ನು ಅವತ್ತಿನವರೆಗೆ ಯಾವ ನಾಯಿಯೂ ದಾಟಿರಲಿಲ್ಲ. ಅಮ್ಮ ಅಕ್ಕಿ ಡಬ್ಬಿಗಳನ್ನು ಒಂದು ಕಡೆ ನೂಕಿ ಒಲೆಯ ಪಕ್ಕದ ಮೂಲೆ ಖಾಲಿ ಮಾಡಿದ್ದಳು. ಅಪ್ಪಯ್ಯ ಉಗ್ರಾಣದಿಂದ ಪೆಟ್ಟಿಗೆ ಹೊತ್ತು ತಂದು, ಒರೆಸಿ, ಬೆಂಕಿಗೆ ಹಿಡಿದು ಒಣಗಿಸಿದ್ದರು. ತಳಕ್ಕೆ ಜಗಲಿಯ ಹಲಗೆ, ಮೇಲೆ ಒಣ ಗೋಣಿ, ಪೇಪರು, ಅಮ್ಮನ ಹತ್ತಿ ಸೀರೆಗಳು. ಸೀರೆಯ ಹರಿದ ಅಂಚನ್ನೆಲ್ಲ ಅವಸರದಲ್ಲೂ ಕತ್ತರಿಸಿ ತೆಗೆದಿದ್ದಳು. ಬಿಟ್ಟ ನೂಲು ಮರಿಯ ಕತ್ತಿಗೋ ಕಾಲಿಗೋ ಸುತ್ತಿಕೊಂಡರೆ ಮುಗಿಯಿತು. ಕಿಟಕಿಗೆ ಕಂಬಳಿ ಬಿದ್ದಿತ್ತು.

ಅಪ್ಪಯ್ಯ ಬಾಣಲೆಯಲ್ಲಿ ಕೆಂಡ ತುಂಬಿ ತರಲು ಹೊರಟರು. ತಡೆದೆ. ಮುಚ್ಚಿದ ಕೋಣೆಯಲ್ಲಿ ಕೆಂಡ ಇಟ್ಟರೆ ಅದರ ವಿಷಗಾಳಿಗೆ ವಾಸನೆಯೂ ಇಲ್ಲ, ಮನುಷ್ಯರನ್ನೇ ಮಲಗಿದಲ್ಲೇ ಮುಗಿಸುತ್ತದೆ. ಒಲೆಯ ಹೊಗೆಗೆ ಚಿಮಣಿಯಿದೆ, ಅಷ್ಟು ಸಾಕು. ಹಂಡೆಯ ಬಿಸಿನೀರನ್ನು ಬಾಟಲಿಗಳಿಗೆ ತುಂಬಿ ಬಟ್ಟೆ ಸುತ್ತಿದೆವು. ಅಕ್ಕಿ ಹುರಿದು ಕಾಲುಚೀಲಕ್ಕೆ ತುಂಬಿ ಗಂಟು ಹಾಕಿದೆವು. ಎಲ್ಲವೂ ಪೆಟ್ಟಿಗೆಯ ಒಂದೇ ಬದಿಗೆ. ಇನ್ನೊಂದು ಬದಿ ತಂಪಾಗಿರಬೇಕು, ಇಲ್ಲದಿದ್ದರೆ ಸೆಕೆ ತಡೆಯದೆ ತಾಯಿ ಎದ್ದು ಹೋಗುತ್ತಾಳೆ.

ಮೊದಲ ಮರಿಯನ್ನು ಅಮ್ಮ ಒರೆಸಿ, ರವಿಕೆಯೊಳಗೆ ಎದೆಗೊತ್ತಿ ಹಿಡಿದು, ಮೇಲಿಂದ ಕಂಬಳಿ ಹೊದ್ದು ಕೂತಳು. ಬೆಳ್ಳಿ ಅದನ್ನು ಮೂಸಿ ಮೂತಿಯಿಂದ ದೂರ ತಳ್ಳಿದ್ದಳು. ತಣ್ಣಗಾದ ಮರಿಯನ್ನು ಎಷ್ಟೋ ತಾಯಿನಾಯಿಗಳು ಹೀಗೆ ದೂರ ಮಾಡುತ್ತವೆ.

"ಒಂದು ತೊಟ್ಟು ಹಾಲು ಹಾಕ್ಲಾ?"

"ಬೇಡಮ್ಮಾ. ಮೈ ಬಿಸಿಯಾಗಲಿ ಮೊದಲು."

ಥರ್ಮಾಮೀಟರು 93 ತೋರಿಸಿತ್ತು. ಅಷ್ಟು ತಣ್ಣಗಾದ ಮರಿಯ ಕರುಳು ಕೆಲಸ ನಿಲ್ಲಿಸಿರುತ್ತದೆ. ಹಾಲು ಜೀರ್ಣವಾಗದೆ ಉಳಿಯುತ್ತದೆ, ಉಸಿರುನಾಳಕ್ಕೂ ಇಳಿಯಬಹುದು. ಒಮ್ಮೆಲೇ ಬೆಂಕಿಗೆ ಹಿಡಿದರೂ ಅಪಾಯ. ಮೈಯ ಕಾವಿನಲ್ಲಿ, ನಿಧಾನಕ್ಕೆ, ಗಂಟೆಗಟ್ಟಲೆ. ಅಮ್ಮ ಕಣ್ಣುಮುಚ್ಚಿ ಕೂತಳು.

ಎರಡನೆಯದು ಸಲೀಸಾಗಿ ಬಂತು. ಬೆಳ್ಳಿಯೇ ಚೀಲ ಹರಿದಳು, ಬಳ್ಳಿ ಕಚ್ಚಿದಳು, ನೆಕ್ಕಿ ಉರುಳಾಡಿಸಿದಳು. ಕುಂಯ್! ಮೂರನೆಯದೂ ಹಾಗೆಯೇ. ಕಪ್ಪುಹಸಿರು ಸ್ರಾವ ಕಂಡು ಅಪ್ಪಯ್ಯ ಗಾಬರಿಯಾದರು. ಒಂದೂ ಮರಿ ಹುಟ್ಟುವ ಮೊದಲೇ ಆ ಬಣ್ಣ ಕಂಡಿದ್ದರೆ ಡಾಕ್ಟರಲ್ಲಿಗೆ ಓಡಬೇಕಿತ್ತು. ಹುಟ್ಟಿದ ಮೇಲೆ ಅದು ಮಾಸಿನ ಬಣ್ಣ, ಹೆದರಬೇಕಿಲ್ಲ.

ಆಮೇಲೆ ಬೆಳ್ಳಿ ನಿಂತಳು. ಬೇನೆ ಬಂತು, ತಿಣುಕಿದಳು, ಏನೂ ಬರಲಿಲ್ಲ. ಇನ್ನೊಂದು ಬೇನೆ. ಮತ್ತೊಂದು. ಗೋಡೆ ಗಡಿಯಾರದ ಮುಳ್ಳು ಸರಿಯುತ್ತಿತ್ತು. ಮರಿಗೂ ಮರಿಗೂ ನಡುವೆ ತಾಯಿ ಸುಮ್ಮನೆ ಮಲಗಿ ಒಂದೆರಡು ಗಂಟೆ ಕಳೆದರೂ ಚಿಂತೆಯಿಲ್ಲ. ಆದರೆ ಜೋರಾಗಿ ತಿಣುಕುತ್ತಿದ್ದು ಅರ್ಧ ಗಂಟೆಯಾದರೂ ಮರಿ ಬರದಿದ್ದರೆ ಅದು ಸಿಕ್ಕಿಕೊಂಡಿದೆ ಎಂದೇ ತಿಳಿಯಬೇಕು. ಅರ್ಧ ಗಂಟೆ ಕಾದು ಗುಡ್ಡ ಹತ್ತುವುದು ನಮ್ಮಂಥವರಿಗೆ ಸಲ್ಲದು. ಮೂರನೇ ಬೇನೆಗೇ ತಮ್ಮನನ್ನು ಓಡಿಸಿದೆ.

ಪಕ್ಕದ ದಿಬ್ಬದಿಂದ ನೆರವಿಗೆ ಬಂದ ಚಿಕ್ಕಪ್ಪ ಒಂದು ಸೀಸೆ ತಂದಿದ್ದರು. "ದನಕ್ಕೆ ಹಾಲಿಳಿಸೋ ಇಂಜಕ್ಷನ್ನು ಇದೆ. ಒಂದು ಚುಚ್ಚಿದ್ರೆ ಹೊರಗೆ ಬರ್ತದೆ."

ಆಕ್ಸಿಟೋಸಿನ್. ಕೈ ಅಡ್ಡ ಹಿಡಿದೆ. ಮರಿ ಅಡ್ಡ ಸಿಕ್ಕಿರುವಾಗ ಗರ್ಭಚೀಲವನ್ನು ಬಲವಂತವಾಗಿ ಹಿಂಡಿದರೆ ಚೀಲವೇ ಹರಿಯಬಹುದು. ಡಾಕ್ಟರು ಪರೀಕ್ಷಿಸದೆ ಅದನ್ನು ಮುಟ್ಟಬಾರದು. ಚಿಕ್ಕಪ್ಪ ಸೀಸೆಯನ್ನು ಜೇಬಿಗೆ ಹಾಕಿ ಲಾಟೀನು ಎತ್ತಿ ಹಿಡಿದರು.

ತಮ್ಮ ಕೆಸರಿನಲ್ಲಿ ಜಾರುತ್ತ ಬಂದ. ಏದುಸಿರಿನಲ್ಲೇ ಹೇಳಿದ. "ಡಾಕ್ಟರು ಸಿಕ್ಕಿದ್ರು. ಇಂಜಕ್ಷನ್ ಬೇಡ ಅಂದ್ರು. ಎಬ್ಬಿಸಿ ನಡೆಸ್ಬೇಕಂತೆ. ಕಾಲು ಕಂಡ್ರೆ ಒಣ ಬಟ್ಟೇಲಿ ಹಿಡೀಬೇಕು, ಬೇನೆ ಬಂದಾಗ ಮಾತ್ರ, ಕೆಳಮುಖಕ್ಕೆ. ಬೆರಳು ಹಿಡಿದು ಎಳೀಬಾರ್ದಂತೆ."

ಎಬ್ಬಿಸಿದೆವು. ಅಡಿಗೆಮನೆಯಿಂದ ನಡುಮನೆಗೆ, ನಡುಮನೆಯಿಂದ ಅಡಿಗೆಮನೆಗೆ. ಎರಡನೇ ಸುತ್ತಿಗೆ ಬೆಳ್ಳಿ ಕಾಲು ಅಗಲಿಸಿ ನಿಂತಳು. ಬಾಲದ ಕೆಳಗೆ ಎರಡು ಪುಟ್ಟ ಪಾದ. ಅಂಗಾಲು ಮೇಲಕ್ಕೆ! ಹಿಂಗಾಲು. ನಾಯಿಗಳಲ್ಲಿ ಹಿಂಗಾಲು ಮುಂದಾಗಿ ಬರುವುದು ಅಪರೂಪವೇನಲ್ಲ, ಆದರೆ ತಲೆ ಒಳಗೇ ಉಳಿದು ಬಳ್ಳಿ ಅದುಮಿದರೆ ಮರಿಗೆ ಉಸಿರಿಲ್ಲ. ಕೈ ತೊಳೆದೆ, ಬಟ್ಟೆ ಸುತ್ತಿ ಹಿಡಿದೆ, ಕಾದೆ. ಬೇನೆ ಬಂತು. ಕೆಳಕ್ಕೆ, ಅವಳ ಹಿಂಗಾಲುಗಳ ನಡುವಿಗೆ, ಮೆಲ್ಲಗೆ. ಸೊಂಟ ಬಂತು. ಬೇನೆ ನಿಂತಿತು, ನಾನೂ ನಿಂತೆ. ಇನ್ನೊಂದು ಬೇನೆ. ಎದೆ. ಇನ್ನೊಂದು. ಸರಕ್ಕನೆ ತಲೆ ಜಾರಿತು.

ಮರಿ ಅಲುಗಲಿಲ್ಲ. ನಾಲಿಗೆ ನೀಲಿ.

ಚೀಲ ಹರಿದೆ. ಬಾಯೊಳಗಿನ ಲೋಳೆ ಒರೆಸಿದೆ. ತಲೆ ತಗ್ಗಿಸಿ ಹಿಡಿದು ಒರಟು ಟವೆಲಿನಲ್ಲಿ ಬೆನ್ನು ತಿಕ್ಕಿದೆ. "ಬೀಸು, ತಲೆಕೆಳಗೆ ಹಿಡಿದು ಬೀಸು" ಎಂದರು ಚಿಕ್ಕಪ್ಪ. ಹಳೇ ಪದ್ಧತಿ ಅದು, ಬೀಸಿದರೆ ಮಿದುಳಿಗೆ ಪೆಟ್ಟು. ತಿಕ್ಕುತ್ತಲೇ ಇದ್ದೆ. ಎರಡು ಬೆರಳ ನಡುವೆ ಎದೆ ಹಿಡಿದಾಗ ಒಳಗೆ ಮಿಣುಮಿಣು ಬಡಿತ ಸಿಕ್ಕಿತು. ಗುಂಡಿಗೆ ಇದೆ! ಹಾಗಾದರೆ ಬಿಡುವಂತಿಲ್ಲ. ತಿಕ್ಕು, ಒರೆಸು, ತಿಕ್ಕು. ಕೈ ಸೋತಾಗ ತಮ್ಮ ತೆಗೆದುಕೊಂಡ, ಅವನ ಕೈ ಸೋತಾಗ ನಾನು. ಟವೆಲು ಒದ್ದೆಯಾಯಿತು, ಅಪ್ಪಯ್ಯ ಒಲೆಗೆ ಹಿಡಿದ ಬಿಸಿ ಟವೆಲು ಕೊಟ್ಟರು. ಮರಿ ಒಮ್ಮೆ ಬಾಯಿ ತೆರೆಯಿತು. ಮುಚ್ಚಿತು. ಬಹಳ ಹೊತ್ತಿನ ಮೇಲೆ ಮತ್ತೊಮ್ಮೆ ತೆರೆಯಿತು. ನಾಲಿಗೆಯ ತುದಿ ನಸುಗೆಂಪಾಯಿತು. ಆಮೇಲೆ ಕಿರುಚಿತು ನೋಡಿ, ಹಂಡೆಯ ನೀರಿನ ಕೊತಕೊತವನ್ನೂ ಮೀರಿ!

ಬಳ್ಳಿಗೆ ಕುದಿಸಿದ ದಾರ ಬಿಗಿದು, ಒಂದಂಗುಲ ಬಿಟ್ಟು ಕತ್ತರಿಸಿ, ಅಯೋಡಿನ್ನಿಗೆ ಅದ್ದಿ ಬೆಳ್ಳಿಯ ಮೊಲೆಗೆ ಹಿಡಿದೆವು. ಐದನೆಯದು ಅಷ್ಟರಲ್ಲಿ ತಾನಾಗಿಯೇ ಬಂದಿತ್ತು.

ಅಮ್ಮ ಕೂತಲ್ಲಿಂದ ಎದ್ದಿರಲಿಲ್ಲ. ಥರ್ಮಾಮೀಟರಿನಲ್ಲಿ 94. ಆಮೇಲೆ 95. ಬಾಟಲಿಯ ನೀರು ಆರಿದಂತೆ ಬದಲಿಸಿದೆವು. ಆರಿದ ಬಾಟಲಿ ಮರಿಯ ಕಾವನ್ನೇ ಹೀರುತ್ತದೆ. ಕೋಳಿ ಕೂಗುವ ಹೊತ್ತಿಗೆ 96 ದಾಟಿತು. "ನನ್ನ ಎದೆ ಚೀಪ್ತಾ ಇದೆ ಕಣೇ ಇದು," ಎಂದಳು ಅಮ್ಮ, ದನಿ ನಡುಗುತ್ತಿತ್ತು. ತಕ್ಷಣ ಬೆಳ್ಳಿಯ ಹಿಂದಿನ ಮೊಲೆಗೆ ಹಚ್ಚಿದೆವು. ಗಿಣ್ಣುಹಾಲಿನಲ್ಲಿರುವ ರೋಗನಿರೋಧಕ ಶಕ್ತಿಯನ್ನು ಮರಿಯ ಕರುಳು ಹೀರಿಕೊಳ್ಳುವುದು ಮೊದಲ ದಿನ ಮಾತ್ರ, ಅದರಲ್ಲೂ ಮೊದಲ ಕೆಲವು ಗಂಟೆ. ಹೊತ್ತು ಮೀರಿರಲಿಲ್ಲ. ಈ ಸಲ ಬೆಳ್ಳಿ ತಳ್ಳಲಿಲ್ಲ. ನೆಕ್ಕಿದಳು.

ಹೊಂಡದಲ್ಲಿ ಹುಟ್ಟಿದ್ದರ ಮಾಸು ಬಿತ್ತೋ ಒಳಗುಳಿಯಿತೋ ಹೇಳುವಂತಿರಲಿಲ್ಲ. ಅದಕ್ಕೇ ಕಾಲುಸಂಕ ಮೇಲೆದ್ದು ಡಾಕ್ಟರು ಬರುವವರೆಗೆ ತಾಯಿಯ ಜ್ವರ ನೋಡುತ್ತಲೇ ಇದ್ದೆವು. ಅವರು ಹೊಟ್ಟೆ ಒತ್ತಿ ನೋಡಿ, ಒಳಗೇನೂ ಉಳಿದಿಲ್ಲ ಎಂದರು. ಮರಿಗಳನ್ನು ಒಂದೊಂದಾಗಿ ತೂಗಿದರು. ಹೊಂಡದ ಮರಿ 240 ಗ್ರಾಂ, ಎಲ್ಲಕ್ಕಿಂತ ಸಣ್ಣದು. ದಿನಾ ಅದೇ ಹೊತ್ತಿಗೆ ತೂಗಿ ಬರೆಯಿರಿ, ಹತ್ತು ದಿನದೊಳಗೆ ತೂಕ ಇಮ್ಮಡಿಯಾಗಬೇಕು, ಒಂದು ದಿನ ಏರದಿದ್ದರೂ ಫೋನು ಮಾಡಿ ಎಂದರು. ಎರಡು ಮೂರು ವಾರದ ಮೇಲೆ ತಾಯಿ ನಡುಗಿದರೆ, ಕಾಲು ಸೆಟೆದರೆ ರಕ್ತದಲ್ಲಿ ಸುಣ್ಣದಂಶ ಇಳಿದಿದೆಯೆಂದು ತಿಳಿದು ಆ ಗಳಿಗೆಯಲ್ಲೇ ಕರೆತರಬೇಕು, ಬೆಳಗಾಗಲಿ ಎಂದು ಕಾಯಬಾರದು ಎಂದು ಎರಡೆರಡು ಸಲ ಹೇಳಿದರು.

ಅವರನ್ನು ಸಂಕ ದಾಟಿಸಿ ಬರುವಷ್ಟರಲ್ಲಿ ಮತ್ತೆ ಮೋಡ ಕವಿದಿತ್ತು. ಅಪ್ಪಯ್ಯ ಮಾಡು ಹತ್ತಿ ಹೆಂಚು ಕೇಳಿದರು. ತಮ್ಮ ಕೆಳಗಿನಿಂದ ಒಂದೊಂದೇ ಎಸೆದ. ನಾನು ಬಾಟಲಿಗಳ ನೀರು ಬದಲಿಸಲು ಒಳಗೆ ಓಡಿದೆ.